ನೋವಿನ ನೆನಪು ಮತ್ತು ಕೇಳುವವನ ಧರ್ಮ

ಕಾವ್ಯಕ್ಕೆ ಕಾರಣವಾವುದೆಂಬ ಪ್ರಶ್ನೆ ಬಂದಾಗ ಸಂಸ್ಕೃತ ಲಾಕ್ಷಣಿಕರು ಪ್ರತಿಭೆ, ವ್ಯುತ್ಪತ್ತಿ, ಅಭ್ಯಾಸಗಳೆಂಬ ಮೂರನ್ನು ಹೇಳಿ ಮುಂದೆ ಸಾಗಿರುವರು. ಕವಿಯು ತನ್ನ ಮೈಮೇಲೆಯೇ ಉಂಡ ನೋವು, ಕಣ್ಣಾರೆ ಕಂಡ ಅಪಮಾನ, ಅವುಗಳ ನೆನಪು ಇವಾವುವೂ ಆ ಎಣಿಕೆಯಲ್ಲಿ ಸೇರಿಲ್ಲ. ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಸ್ಮೃತಿಯನ್ನು ಹೆಸರಿಸಿರುವುದು ನಿಜ. ಆದರೆ ಅದನ್ನು ಇರಿಸಿರುವುದು 33 ವ್ಯಭಿಚಾರಿ ಭಾವಗಳ ನಡುವೆ. ಎಂದರೆ, ಅಲೆಯಂತೆ ಬಂದು, ಸ್ಥಾಯಿಭಾವವನ್ನು ಪೋಷಿಸಿ, ಅಡಗಿಹೋಗುವ ಭಾವವದು. ಸುಖದಲ್ಲಿ ಬೆಳೆದವನಿಗೆ ಈ ಮಾತು ಒಪ್ಪುವುದು. ಅವನ ಬಾಲ್ಯದ ನೆನಪು ಮಳೆಗಾಲದ ಒಂದು ಸಂಜೆ ಬಂದು, ಸ್ವಲ್ಪ ಹೊತ್ತು ಕುಳಿತು, ಎದ್ದು ಹೋಗುತ್ತದೆ. ಊರ ಬಾವಿಯ ಬಳಿಗೆ ಬರಬಾರದೆಂದು ಗದರಿಸಿಕೊಂಡವನಿಗೆ ನೆನಪು ಹಾಗೆ ಬಂದುಹೋಗುವ ಅತಿಥಿಯೆ? ಅವನ ಪಾಲಿಗೆ ಅದೇ ಸ್ಥಾಯಿ. ಹಾಸ, ರತಿ, ಉತ್ಸಾಹಗಳೇ ಅದರ ಮೇಲೆ ಬಂದು ಹೋಗುವ ಅಲೆಗಳು.

ಶರಣಮಾರ್ಗದಲ್ಲಿ ನಡೆಯುವವರಿಗೆ ಇಲ್ಲಿ ಮತ್ತೊಂದು ತೊಡಕು ಎದುರಾಗುವುದು. ಅಂಗಗುಣವಳಿದು ಲಿಂಗಗುಣ ನೆಲೆಗೊಳ್ಳಬೇಕಾದರೆ 'ನಾನು' ಎಂಬುದು ಕರಗಬೇಕೆಂದು ಗುರುಗಳು ಉಪದೇಶಿಸುವರು. ಹೀಗಿರುವಲ್ಲಿ ತಾನು ಪಟ್ಟ ಪಾಡನ್ನೇ ಮತ್ತೆ ಮತ್ತೆ ನೆನೆದು ಹಾಡುವವನು ಆ 'ನಾನು' ಎಂಬುದಕ್ಕೆ ನೀರೆರೆದಂತಾಗಲಿಲ್ಲವೆ? ಅದರಲ್ಲಿಯೂ ಸಮಾಜವು ಬುಡಸಹಿತ ಅಲುಗಾಡುತ್ತಿರುವ ಕಾಲದಲ್ಲಿ ಅಂಥ ಹಾಡು ಬೀದಿಗೆ ಬಂದು, ಒಬ್ಬನ ನೋವು ಸಾವಿರ ಜನರ ಘೋಷವಾದಾಗ, ಅದನ್ನು ಕಾವ್ಯವೆನ್ನಬೇಕೆ, ಕಲಹವೆನ್ನಬೇಕೆ? ಈ ಪ್ರಶ್ನೆಯನ್ನು ಸಾಮಾನ್ಯವಾಗಿ ಹಾಡುವವನ ಕಡೆಯಿಂದಲೇ ವಿಚಾರಿಸುವ ರೂಢಿಯುಂಟು. ಕೇಳುವವನ ಕಡೆಯಿಂದಲೂ ವಿಚಾರಿಸುವುದು ಅವಶ್ಯವಾಗಿದೆ. ಅದೇಕೆಂದರೆ, ಸದ್ಗೃಹಸ್ಥರಲ್ಲಿ ಬಹುಮಂದಿ ಇಂಥ ಹಾಡನ್ನು ಹಾಡಿದವರಲ್ಲ, ಕೇಳಿದವರು.

ಆದಿಕವಿಯ ಕಥೆಯು ಎಲ್ಲರಿಗೂ ತಿಳಿದದ್ದೇ. ಕ್ರೌಂಚಮಿಥುನದಲ್ಲಿ ಒಂದು ಬೇಡನ ಬಾಣಕ್ಕೆ ಬಿದ್ದಿತು. ಉಳಿದೊಂದರ ಆಕ್ರಂದನವನ್ನು ಕೇಳಿದ ವಾಲ್ಮೀಕಿಯ ಶೋಕವು ಶ್ಲೋಕವಾಯಿತು. ಧ್ವನ್ಯಾಲೋಕಕ್ಕೆ ಲೋಚನವೆಂಬ ವ್ಯಾಖ್ಯಾನವನ್ನು ಬರೆದ ಅಭಿನವಗುಪ್ತನು ಈ ಸಂದರ್ಭದಲ್ಲಿ ಒಂದು ಸೂಕ್ಷ್ಮವನ್ನು ಎತ್ತಿ ತೋರಿಸಿರುವನು. ಆ ಶೋಕವು ಮುನಿಯ ಸ್ವಂತ ಶೋಕವೆಂದು ತಿಳಿಯಲಾಗದು. ಸ್ವಂತ ದುಃಖದಲ್ಲಿ ಮುಳುಗಿದವನಿಗೆ ಕಾವ್ಯ ರಚಿಸುವ ಅವಕಾಶವೆಲ್ಲಿ, ಎಂಬುದು ಅವನ ಅಭಿಪ್ರಾಯದ ಸಾರ. ವಿಶೇಷವು ಸಾಧಾರಣವಾಗಬೇಕು, ಒಬ್ಬನದು ಎಲ್ಲರದಾಗಬೇಕು, ಆಗಲೇ ರಸ. ಇದು ಬಹು ಗಂಭೀರವಾದ ತತ್ತ್ವ, ತಳ್ಳಿಹಾಕತಕ್ಕದ್ದಲ್ಲ. ಆದರೆ ಇದರಲ್ಲಿ ಒಂದು ಅನುಕೂಲವೂ ಅಡಗಿದೆ. ಮುನಿಯು ಕಂಡದ್ದು ಮತ್ತೊಂದು ಜೀವಿಯ ನೋವನ್ನು. ಬಾಣ ನಾಟಿದ ಹಕ್ಕಿಯೇ ಬದುಕುಳಿದು ಹಾಡತೊಡಗಿದ್ದರೆ ಲಾಕ್ಷಣಿಕರು ಏನೆನ್ನುತ್ತಿದ್ದರು? ಅಂಥ ಹಾಡಿಗೆ ಶಾಸ್ತ್ರದಲ್ಲಿ ಲಕ್ಷಣ ಹೇಳಿದವರಿಲ್ಲ.

ಕನ್ನಡದಲ್ಲಿ ಅಂಥ ಹಾಡು 12ನೆಯ ಶತಮಾನದಲ್ಲಿಯೇ ಕೇಳಿಬಂದಿತು. ಅಂಬಿಗರ ಚೌಡಯ್ಯನು ತನ್ನ ವೃತ್ತಿಯೊಡನೆ ಕೂಡಿದ ಸ್ವಂತ ಹೆಸರನ್ನೇ ಅಂಕಿತವನ್ನಾಗಿ ಮಾಡಿಕೊಂಡನು. ನೂಲಿಯ ಚಂದಯ್ಯ, ಮಡಿವಾಳ ಮಾಚಿದೇವ, ಮಾದಾರ ಚೆನ್ನಯ್ಯ, ಡೋಹರ ಕಕ್ಕಯ್ಯ ಮೊದಲಾದವರ ಹೆಸರಿನ ಮುಂದೆ ಅವರವರ ಕಾಯಕವು ನಿಂತುಕೊಂಡಿದೆ; ಅದನ್ನು ಒರೆಸಿ ಹಾಕಬೇಕೆಂದು ಅನುಭವಮಂಟಪವು ಬಯಸಲಿಲ್ಲ. ಸೂಳೆ ಸಂಕವ್ವೆಯ ವಚನವಾಗಿ ಉಳಿದುಬಂದಿರುವುದು ಒಂದೇ ಒಂದು. ಆ ಒಂದರಲ್ಲಿಯೂ ಆಕೆ ತನ್ನ ವೃತ್ತಿಯ ಮಾತನ್ನು ಮರೆಮಾಚದೆ, ಅದರ ಪರಿಭಾಷೆಯಲ್ಲಿಯೇ ನಿಷ್ಠೆಯನ್ನು ನಿರೂಪಿಸಿರುವಳು. ಸಭ್ಯರ ಕಿವಿಗೆ ಮುಜುಗರವಾಗುವುದೆಂದು ಆಕೆ ಅಳುಕಲಿಲ್ಲ. ಸಂಕಲಿಸಿದವರೂ ಅದನ್ನು ಬಿಟ್ಟುಬಿಡಲಿಲ್ಲ. ಇದನ್ನು ಅವರ ದೊಡ್ಡ ಗುಣವೆಂದೇ ಹೇಳಬೇಕು.

ಬಸವಣ್ಣನವರ ವಿಷಯದಲ್ಲಿ ಗಮನಿಸತಕ್ಕ ಅಂಶ ಬೇರೆಯೇ ಆಗಿದೆ. ಬ್ರಾಹ್ಮಣಕುಲದಲ್ಲಿ ಹುಟ್ಟಿದ ಆ ಮಹಾನುಭಾವರು ತಮ್ಮ ವಂಶಾವಳಿಯನ್ನು ಚೆನ್ನಯ್ಯ, ಕಕ್ಕಯ್ಯರ ಮನೆಗಳಿಗೆ ಕೂಡಿಸಿಕೊಂಡರು. ತಮ್ಮ ಹುಟ್ಟಿನ ನೆನಪನ್ನು ಕಳಚಿಡಲು ಹೆಣಗಿದರು. ಮೇಲಿನ ಮೆಟ್ಟಿಲಲ್ಲಿ ಹುಟ್ಟಿದವನಿಗೆ ನೆನಪನ್ನು ಬಿಡುವುದೇ ಸಾಧನೆ. ಕೆಳಗಿನ ಮೆಟ್ಟಿಲಲ್ಲಿ ಹುಟ್ಟಿದವನಿಗೆ ಅದನ್ನು ಬಿಡದಿರುವುದೇ ಸಾಧನೆಯಾಗಬಹುದು. ಎರಡಕ್ಕೂ ಒಂದೇ ಉಪದೇಶವನ್ನು ಹೇಳಿದರೆ, ಆ ಉಪದೇಶವು ಮೇಲಿನವನ ಗರ್ವವನ್ನು ಕಳೆಯುವ ಮೊದಲೇ ಕೆಳಗಿನವನ ಬಾಯನ್ನು ಮುಚ್ಚಿಸುವುದು. 'ನಾನು' ಎಂಬ ಒಂದೇ ಶಬ್ದವನ್ನು ಬಸವಣ್ಣನವರು ಇಳಿಸುತ್ತಿರುವಾಗ ಚೌಡಯ್ಯನು ಎತ್ತಿ ಹಿಡಿದನು. ಇದು ವಿರೋಧವಲ್ಲ, ತಕ್ಕಡಿಯ ಎರಡು ತಟ್ಟೆಗಳು ಸಮನಾಗುವ ಬಗೆ.

ಈ ವಿಚಾರಕ್ಕೆ ದೃಷ್ಟಾಂತವನ್ನು ದೂರದಲ್ಲಿ ಹುಡುಕಬೇಕಾಗಿಲ್ಲ. ರಾಜಾಜಿನಗರದ ಮಗ್ಗುಲಲ್ಲಿಯೇ ಶ್ರೀರಾಮಪುರವಿದೆ. ಮಾಗಡಿ ತಾಲ್ಲೂಕಿನ ಮಂಚನಬೆಲೆಯಲ್ಲಿ 1954ರಲ್ಲಿ ಜನಿಸಿದ ಸಿದ್ಧಲಿಂಗಯ್ಯನವರು ಬಾಲ್ಯದಲ್ಲಿಯೇ ಹಳ್ಳಿಯನ್ನು ಬಿಟ್ಟು, ಕೂಲಿಕಾರರ ಈ ಕೇರಿಗೆ ಬಂದು ಬೆಳೆದರು. ಸಿದ್ಧಲಿಂಗಯ್ಯ ಎಂಬುದು ಎಡೆಯೂರಿನ ಶಿವಯೋಗಿಗಳ ನೆನಪನ್ನು ತರುವ ಹೆಸರು; ಮಾಗಡಿ, ತುಮಕೂರು ಸೀಮೆಗಳಲ್ಲಿ ಬೇರೆ ಬೇರೆ ಜಾತಿಗಳ ಮನೆಗಳಲ್ಲಿ ಕೇಳಿಬರುವಂಥದು. ಹೆಸರಿಗೆ ಇಲ್ಲದ ಗಡಿ ವಾಸಕ್ಕೆ ಇತ್ತು. ಮಾಗಡಿಯ ಕಡೆಯಿಂದ ನಗರಕ್ಕೆ ಬರುವ ಅದೇ ದಾರಿಯ ಎರಡು ಬದಿಗಳಲ್ಲಿ, ಬಸವೇಶ್ವರನಗರ ವಿಜಯನಗರಗಳಲ್ಲಿ, ಹಳ್ಳಿಯ ಹೊಲಮನೆಗಳನ್ನು ಬಿಟ್ಟುಬಂದ ಅನೇಕ ಭಕ್ತಕುಟುಂಬಗಳೂ ನೆಲೆಸಿರುವುವು. ಆ ಕುಟುಂಬಗಳ ಹಿರಿಯರಿಗೂ ಹಳ್ಳಿಯ ನೆನಪುಂಟು. ಅದು ಬಹುಮಟ್ಟಿಗೆ ಜಾತ್ರೆಯ, ಸುಗ್ಗಿಯ, ತುಂಬಿದ ಕಣಜದ ನೆನಪು.

ಸಿದ್ಧಲಿಂಗಯ್ಯನವರ ಆತ್ಮಕಥೆ 'ಊರುಕೇರಿ'ಯ ಮೊದಲ ಪುಟಗಳಲ್ಲಿ ಬರುವ ನೆನಪು ಮತ್ತೊಂದು. ಊರಿನ ಉಳ್ಳವರ ಹೊಲವೊಂದರಲ್ಲಿ ಇಬ್ಬರು ಮನುಷ್ಯರ ಹೆಗಲಿಗೆ ಎತ್ತುಗಳಿಗೆ ಕಟ್ಟುವಂತೆ ನೊಗವನ್ನು ಕಟ್ಟಲಾಗಿದೆ. ಮೂರನೆಯವನು ಹಿಂದೆ ನೇಗಿಲು ಹಿಡಿದು ಉಳುತ್ತಿದ್ದಾನೆ. ನೋಡುತ್ತಿರುವ ಬಾಲಕನಿಗೆ ನೊಗ ಹೊತ್ತವರಲ್ಲಿ ಒಬ್ಬನು ತನ್ನ ತಂದೆಯೆಂಬುದು ತಿಳಿಯುತ್ತದೆ. ಇಷ್ಟೇ. ಇದಕ್ಕೆ ಅಲಂಕಾರವಿಲ್ಲ, ವ್ಯಾಖ್ಯಾನವಿಲ್ಲ, ಓದುವವನನ್ನು ಅಳಿಸಬೇಕೆಂಬ ಪ್ರಯತ್ನವೂ ಇಲ್ಲ. ಅಭಿನವಗುಪ್ತನು ಹೇಳುವ ಸಾಧಾರಣೀಕರಣವು ಇಲ್ಲಿ ಹೇಗೆ ನಡೆಯಬೇಕು? ಆ ಹೆಗಲು ಯಾರದೋ ಒಬ್ಬ ದಲಿತನದೆಂದು ಸಾಮಾನ್ಯಗೊಳಿಸಿದರೆ ನೆನಪು ಸತ್ತುಹೋಗುವುದು. ಅದು ತಂದೆಯ ಹೆಗಲಾಗಿಯೇ ಉಳಿಯಬೇಕು. ಹಾಗೆ ಉಳಿದಾಗಲೇ, ತಂದೆಯುಳ್ಳ ಪ್ರತಿಯೊಬ್ಬ ಓದುಗನ ಹೆಗಲಿಗೂ ಆ ನೊಗದ ಭಾರ ತಾಗುವುದು. ಇಲ್ಲಿ 'ನಾನು' ಎಂಬುದು ಅಹಂಕಾರವಲ್ಲ, ಸಾಕ್ಷಿ. ಸಾಕ್ಷಿಯು ತನ್ನ ಹೆಸರನ್ನೂ ನಿಂತಿದ್ದ ಸ್ಥಳವನ್ನೂ ಹೇಳದಿದ್ದರೆ ಯಾವ ನ್ಯಾಯಸ್ಥಾನವೂ ಅದನ್ನು ಅಂಗೀಕರಿಸುವುದಿಲ್ಲ.

ಆದರೂ ಇಂಥ ನೆನಪುಳ್ಳವರು ಸಾವಿರಾರು ವರ್ಷಗಳಿಂದ ಇದ್ದರಲ್ಲವೆ? ಅವರೆಲ್ಲರೂ ಏಕೆ ಹಾಡಲಿಲ್ಲವೆಂದು ಕೇಳಬಹುದು. ಹಾಡಿದರು, ಕೇಳಿದವರಿಲ್ಲ, ಬರೆದುಕೊಂಡವರಿಲ್ಲ. ಸಮಾಜವು ಕದಲುವ ಕಾಲದಲ್ಲಿ ಮಾತ್ರ ಅಂಥ ನೆನಪಿಗೆ ಕಿವಿ ದೊರೆಯುವುದು. ಕಲ್ಯಾಣದಲ್ಲಿ ಅಂಥ ಒಂದು ಕಾಲ ಒದಗಿತ್ತು. ಕರ್ನಾಟಕದಲ್ಲಿ 1970ರ ದಶಕವು ಮತ್ತೊಂದು. ದೇವರಾಜ ಅರಸರ ಮಂತ್ರಿಮಂಡಲದಲ್ಲಿದ್ದ ಬಿ. ಬಸವಲಿಂಗಪ್ಪನವರು ತಲೆಯ ಮೇಲೆ ಮಲವನ್ನು ಹೊರುವ ಪದ್ಧತಿಯನ್ನು ನಿಷೇಧಿಸಲು ಕ್ರಮ ಕೈಗೊಂಡರು. ಅದೇ ಮಂತ್ರಿಗಳು 1973ರ ನವೆಂಬರಿನಲ್ಲಿ ಮೈಸೂರಿನ ಸಭೆಯೊಂದರಲ್ಲಿ ಕನ್ನಡ ಸಾಹಿತ್ಯದಲ್ಲಿ ಬೂಸವೇ ಹೆಚ್ಚೆಂಬ ಅರ್ಥದ ಮಾತನ್ನಾಡಿದಾಗ ನಾಡಿನಲ್ಲೆಲ್ಲ ದೊಡ್ಡ ಗಲಭೆಯೆದ್ದು, ಅವರು ಅಧಿಕಾರವನ್ನು ಬಿಡಬೇಕಾಯಿತು. ಬೂಸ ಎಂಬ ಮಾತು ಒರಟಾಗಿತ್ತು ನಿಜ. ಆದರೆ ಆ ಮಾತಿಗೆ ಎದ್ದ ಆಕ್ರೋಶದ ಒಂದು ಅಂಶವಾದರೂ ತಲೆಯ ಮೇಲಿನ ಮಲಕ್ಕಾಗಿ ಮೊದಲೇ ಎದ್ದಿತ್ತೆ ಎಂಬುದನ್ನು ವಿಚಾರಿಸಬೇಕು. ಆ ಪೆಟ್ಟಿನಿಂದ ಎಚ್ಚೆತ್ತ ತರುಣರು ಕೂಡಿ ದಲಿತ ಸಂಘರ್ಷ ಸಮಿತಿಯನ್ನು ಕಟ್ಟಿದರು. ಸಿದ್ಧಲಿಂಗಯ್ಯನವರ ಪ್ರಥಮ ಸಂಕಲನ 'ಹೊಲೆಮಾದಿಗರ ಹಾಡು' ಪ್ರಕಟವಾದದ್ದು 1975ರಲ್ಲಿ. ದೇಶದಲ್ಲಿ ತುರ್ತುಪರಿಸ್ಥಿತಿಯು ಜಾರಿಗೆ ಬಂದ ವರ್ಷವೂ ಅದೇ. 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆಯು ರೂಪುಗೊಂಡಾಗ ಆ ಹಾಡುಗಳು ಅಷ್ಟರಲ್ಲಿಯೇ ಪುಸ್ತಕದಿಂದ ಹೊರಬಂದು ಮೆರವಣಿಗೆಗಳ ಬಾಯಲ್ಲಿದ್ದವು. ಬಯಲಿನಲ್ಲಿ ನಿಂತು, ತಮಟೆಯ ಗತ್ತಿಗೆ, ಓದುಬರಹವಿಲ್ಲದವರೂ ಅವನ್ನು ಹಾಡಿದರು. ವಚನಗಳು ಕೂಡ ಮೊದಲು ಬಾಯಿಂದ ಬಾಯಿಗೆ ಹೋಗಿ, ಅನಂತರ ತಾಳೆಯೋಲೆಗೆ ಬಂದವೆಂಬುದನ್ನು ನೆನೆದರೆ ಇದರಲ್ಲಿ ಆಶ್ಚರ್ಯವಿಲ್ಲ.

ಇಲ್ಲಿ ಸದ್ಭಕ್ತರಲ್ಲಿ ಅನೇಕರು ಎತ್ತುವ ಆಕ್ಷೇಪವನ್ನು ಮರೆಮಾಚದೆ ಹೇಳಬೇಕು. ಆ ಸಂಕಲನದಲ್ಲಿ, ಹೊಡೆತ ತಿಂದವರೇ ತಿರುಗಿ ಹೊಡೆಯಿರೆಂದು ಕೇರಿಯ ಆಡುಮಾತಿನಲ್ಲಿಯೇ ಕೂಗುವ ಪದ್ಯವುಂಟು. ದಯೆಯನ್ನೇ ಧರ್ಮದ ಬೇರೆಂದು ಬೋಧಿಸುವ ಪರಂಪರೆಯಲ್ಲಿ ಬಂದವರು ಇದನ್ನು ಹೇಗೆ ಒಪ್ಪುವುದು? ನೋವನ್ನು ಹೇಳಲಿ, ಕೋಪವೇಕೆ, ಎನ್ನುವರು.

ಈ ಆಕ್ಷೇಪವನ್ನು ಹಗುರಾಗಿ ಕಾಣಲಾಗದು. ಕೋಪವು ಆಡಿದವನನ್ನೇ ಮೊದಲು ಸುಡುವುದೆಂಬುದು ಅನುಭವಸಿದ್ಧವಾದ ಮಾತು. ಆದರೆ ಆದಿಕಾವ್ಯದ ಮೊದಲನೆಯ ಶ್ಲೋಕವೇನು? ಅದು ಶಾಪ. ಬೇಡನಿಗೆ ಎಂದೆಂದಿಗೂ ನೆಲೆ ದೊರೆಯದಿರಲೆಂದು ಮುನಿಯ ಬಾಯಿಂದ ಹೊರಟ ಶಾಪ. ಕರುಣೆ ಮತ್ತು ಕ್ರೋಧಗಳು ಒಂದೇ ಉಸಿರಿನಲ್ಲಿ ಹುಟ್ಟಿದವು. ಶಾಪವನ್ನಿತ್ತ ಮರುಕ್ಷಣವೇ, ತಾನೇನು ನುಡಿದೆನೆಂದು ವಾಲ್ಮೀಕಿಯು ಚಿಂತಿಸಿದನೆಂದೂ ರಾಮಾಯಣವು ಹೇಳುವುದು. ಆ ಚಿಂತೆಯು ಕವಿಗೆ ಭೂಷಣ. ಆದರೆ ಚಿಂತಿಸಬೇಕಾದವನು ಕವಿಯೇ ಹೊರತು ಬಾಣ ಬಿಟ್ಟವನು ಬಂದು, ಸ್ವಾಮಿ, ತಮ್ಮ ಮಾತು ಬಿರುಸಾಯಿತು, ಎಂದು ತಿದ್ದತಕ್ಕದ್ದಲ್ಲ.

ಶ್ರಾವಣಮಾಸದ ಪ್ರವಚನಗಳಲ್ಲಿ ಸಮಗಾರ ಹರಳಯ್ಯನ ಪ್ರಸಂಗವು ಬಂದಾಗ ಸಭೆಯೆಲ್ಲ ಕಣ್ಣೀರಿಡುವುದುಂಟು. ಗಂಡಹೆಂಡಿರು ತಮ್ಮ ತೊಡೆಯ ಚರ್ಮವನ್ನು ತೆಗೆದು ಬಸವಣ್ಣನವರಿಗೆ ಪಾದರಕ್ಷೆಗಳನ್ನು ಮಾಡಿದರೆಂದು ಪರಂಪರೆಯು ಹೇಳುತ್ತದೆ. ಹರಳಯ್ಯನ ಮಗನಿಗೂ ಮಧುವಯ್ಯನ ಮಗಳಿಗೂ ವಿವಾಹ ನಡೆದದ್ದರಿಂದ ಕಲ್ಯಾಣವು ಹೊತ್ತಿ ಉರಿದು, ಆ ಇಬ್ಬರು ತಂದೆಯರು ಕ್ರೂರವಾದ ಮರಣದಂಡನೆಗೆ ಗುರಿಯಾದರೆಂದೂ ಹೇಳುತ್ತದೆ. ವಿಚಿತ್ರವೆಂದರೆ, ಆ ರಕ್ತಪಾತದ ನೇರವಾದ ವರ್ಣನೆ ವಚನಗಳಲ್ಲಿ ವಿರಳ. ವಿಸ್ತಾರವಾಗಿ ದೊರೆಯುವುದು ಅನಂತರದ ಪುರಾಣಗಳಲ್ಲಿ. ಆದುದರಿಂದ ಹರಳಯ್ಯನ ನೆನಪು ಭಕ್ತಸಮೂಹಕ್ಕೆ ಬಂದು ಸೇರಿರುವುದು ಇತರರ ಬಾಯಿಂದ, ಶತಮಾನಗಳು ಸೋಸಿದ ರೂಪದಲ್ಲಿ. ಆ ಹರಳಯ್ಯನು ಯಾರ ಮೇಲೆಯೂ ಕೋಪಗೊಳ್ಳುವುದಿಲ್ಲ; ಕೇಳುವವರಲ್ಲಿ ಏನನ್ನೂ ಬೇಡುವುದಿಲ್ಲ. ಅವನಿಗಾಗಿ ಅತ್ತು ಮನೆಗೆ ಹೋಗಿ ಪ್ರಸಾದ ಸ್ವೀಕರಿಸಬಹುದು. ಸಿದ್ಧಲಿಂಗಯ್ಯನವರ ಪದ್ಯದಲ್ಲಿ ಮಾತನಾಡುತ್ತಿರುವವನು ಹರಳಯ್ಯನ ಕೇರಿಯವನೇ. ಭೇದವೆಂದರೆ, ಅವನು ತಾನೇ ಮಾತನಾಡುತ್ತಿದ್ದಾನೆ, ಸೋಸದೆ ಮಾತನಾಡುತ್ತಿದ್ದಾನೆ, ಎದುರಿಗಿರುವವರನ್ನು ನೋಡಿ ಮಾತನಾಡುತ್ತಿದ್ದಾನೆ. ಎಂಟು ನೂರು ವರ್ಷಗಳ ಹಿಂದಿನ ಸಮಗಾರನಿಗೆ ಕಣ್ಣೀರನ್ನೂ ತನ್ನ ಕಾಲದ ಕೂಲಿಕಾರನ ಮಗನಿಗೆ ಸಭ್ಯತೆಯ ಉಪದೇಶವನ್ನೂ ಕೊಡುವ ಭಕ್ತಿಯು ಎಂಥದೆಂಬುದನ್ನು ಕೇಳುವವನೇ ತನ್ನ ಕರಸ್ಥಲದ ಲಿಂಗದ ಮುಂದೆ ಕುಳಿತು ವಿಚಾರಿಸಿಕೊಳ್ಳಬೇಕು.

ಅದೇ ಕವಿಯು 1990ರ ದಶಕದಲ್ಲಿ 'ಊರುಕೇರಿ'ಯನ್ನು ಗದ್ಯದಲ್ಲಿ ಬರೆದಾಗ ಧಾಟಿಯೇ ಬದಲಾಗಿತ್ತು. ಹಸಿವು, ಹಾಸ್ಟೆಲಿನ ಬದುಕು, ಶ್ರೀರಾಮಪುರದ ಸ್ಮಶಾನದಲ್ಲಿ ಸಮಾಧಿಗಳ ನಡುವೆ ಕುಳಿತು ಓದಿದ್ದು, ಗೆಳೆಯರೊಡನೆ ಅಲ್ಲಿಯೇ ಹರಟಿದ್ದು ಇವೆಲ್ಲವನ್ನೂ ಅವರು ನಗುತ್ತ ಹೇಳಿದರು. ತಮ್ಮನ್ನು ತಾವೇ ಹಾಸ್ಯ ಮಾಡಿಕೊಂಡರು. ಸ್ಮಶಾನದಲ್ಲಿ ಜಾತಿಯ ಭಯವಿಲ್ಲದೆ ಕುಳಿತುಕೊಳ್ಳಬಹುದಾಗಿತ್ತೆಂಬುದು ನಗುವಿನ ವಿಷಯವೂ ಹೌದು, ಬೆಚ್ಚಿಬೀಳತಕ್ಕ ವಿಷಯವೂ ಹೌದು. ವಿಮರ್ಶಕ ಡಿ. ಆರ್. ನಾಗರಾಜರು ಈ ಕೃತಿಯಲ್ಲಿ ಬಡವರ ನಗುವಿನ ಶಕ್ತಿಯನ್ನು ಗುರುತಿಸಿದರು. ಕಷ್ಟವು ಮನುಷ್ಯನನ್ನು ಪೂರ್ತಿಯಾಗಿ ಗೆದ್ದಿಲ್ಲವೆಂಬುದಕ್ಕೆ ಅಂಥ ನಗು ಪ್ರಮಾಣ. ಸಂಕವ್ವೆಯ ವಚನದಲ್ಲಿಯೂ ಇಂಥದೊಂದು ದಿಟ್ಟತನವಿದೆ. ಅಪಮಾನದ ಶಬ್ದವನ್ನು ಅಪಮಾನಿತರೇ ಎತ್ತಿಕೊಂಡಾಗ ಅದರ ಮೊನೆ ಮೊಂಡಾಗುವುದು.

ಈ ಪುಸ್ತಕವು ಎಲ್ಲ ವರ್ಗದವರಿಗೂ ಪ್ರಿಯವಾಯಿತು. ಪ್ರಿಯವಾಗುವುದು ಸಹಜ. ಆದರೆ ಇಲ್ಲಿಯೇ ಕೇಳುವವನಿಗೆ ಒಂದು ಜಾರುದಾರಿಯುಂಟು. ಕೋಪದ ಕವಿಗಿಂತ ನಗುವ ಕವಿಯು ಹಿರಿಯನು, ಪಕ್ವನು, ಜ್ಞಾನಿ ಎಂದು ಅವನು ತೀರ್ಮಾನಿಸುವನು. 1975ರ ಹಾಡು ತಾರುಣ್ಯದ ಬಿಸಿಯೆಂದು ಬದಿಗಿರಿಸುವನು. ಈ ತೀರ್ಮಾನವು ಸಾಹಿತ್ಯವಿಚಾರದಂತೆ ಕಂಡರೂ ಅದರ ಮೂಲದಲ್ಲಿರುವುದು ಸ್ವಂತದ ನೆಮ್ಮದಿ. ನಗುವು ಕವಿಯು ಕೊಟ್ಟ ದಾನ. ಅದನ್ನು ಸಾಲದಂತೆ ವಸೂಲುಮಾಡುವ ಹಕ್ಕು ಯಾರಿಗೂ ಇಲ್ಲ. ನೋವುಂಡವನು ಕ್ಷಮಿಸಿದರೆ ಅದು ಅವನ ದೊಡ್ಡತನವಾಗಲಿ; ಕ್ಷಮಿಸದಿದ್ದರೆ ಅದು ಅವನ ಸಣ್ಣತನವೆಂದು ಹೇಳಲು ನೋವಿನಲ್ಲಿ ಪಾಲುಗೊಳ್ಳದವನಿಗೆ ಅಧಿಕಾರವೆಲ್ಲಿಯದು?

ಪ್ರಾಸಂಗಿಕವಾಗಿ ಶಾಕುಂತಲವನ್ನು ಇಲ್ಲಿ ನೆನೆಯಬಹುದು. ಆ ನಾಟಕದಲ್ಲಿ ಮರೆತವನು ಅರಸ. ಮರೆಯದವಳು ಆಶ್ರಮದ ಹೆಣ್ಣು. ಮರೆತವನು ಸಿಂಹಾಸನದ ಮೇಲೆ ಕುಳಿತು ಪ್ರಮಾಣ ಕೇಳುವನು. ನೆನಪುಳ್ಳವಳು ಉಂಗುರವನ್ನು ತೋರಿಸಲಾರದೆ ತುಂಬಿದ ಸಭೆಯಲ್ಲಿ ಸುಳ್ಳುಗಾತಿಯೆನಿಸಿಕೊಳ್ಳುವಳು. ಕಾಳಿದಾಸನು ದೂರ್ವಾಸರ ಶಾಪವನ್ನು ತಂದು ಅರಸನ ಮಾನವನ್ನು ಕಾಪಾಡಿದನು. ಮಹಾಭಾರತದ ಮೂಲಕಥೆಯಲ್ಲಿ ಶಾಪವೇ ಇಲ್ಲ. ಅಲ್ಲಿ ಅರಸನು ಬಲ್ಲವನಾಗಿಯೇ ಅರಿಯೆನೆನ್ನುವನು. ಊರಿಗೂ ಕೇರಿಗೂ ನಡುವಿನ ಮರೆವು ಈ ಎರಡರಲ್ಲಿ ಯಾವ ಬಗೆಯದು? ಹಿಂದೆ ಹಾಗೆಲ್ಲ ಇತ್ತಂತೆ, ಈಗ ಅದನ್ನೇಕೆ ಕೆದಕುವುದು, ಎಂದು ಮನೆಮನೆಗಳಲ್ಲಿ ಕೇಳಿಬರುವ ಮಾತಿನಲ್ಲಿರುವ 'ಅಂತೆ' ಎಂಬ ಪ್ರತ್ಯಯವು ಯಾವ ಋಷಿಯ ಶಾಪದಿಂದ ಬಂದದ್ದು?

ಎದುರುಪಕ್ಷದ ಒಂದು ಮಾತನ್ನೂ ಹೇಳಿಬಿಡಬೇಕು. ನೆನಪು ಬಂಡವಾಳವಾಗುವುದೂ ಉಂಟು. ಒಮ್ಮೆ ಉಂಡ ನೋವನ್ನು ಜೀವಮಾನವೆಲ್ಲ ವೇದಿಕೆಯ ಮೇಲೆ ಮಾರಿಕೊಳ್ಳುವ ಕವಿಗಳಿಲ್ಲವೆಂದು ಹೇಳಲಾಗದು. ಸಿದ್ಧಲಿಂಗಯ್ಯನವರು 1988ರಲ್ಲಿ ವಿಧಾನಪರಿಷತ್ತಿನ ಸದಸ್ಯರಾದಾಗ, ಮುಂದೆ ಸರಕಾರದ ಪ್ರಾಧಿಕಾರಗಳ ಅಧ್ಯಕ್ಷರಾದಾಗ, 2015ರಲ್ಲಿ ಶ್ರವಣಬೆಳಗೊಳದ ಸಾಹಿತ್ಯ ಸಮ್ಮೇಳನದ ಅಧ್ಯಕ್ಷಪೀಠವನ್ನು ಏರಿದಾಗ, ಕಿಚ್ಚಿನ ಕವಿಯು ತಣ್ಣಗಾದನೆಂದು ಅವರ ಸಂಗಡಿಗರಲ್ಲಿಯೇ ಕೆಲವರು ನೊಂದು ನುಡಿದರು. ನುಡಿಗೂ ನಡೆಗೂ ನಡುವೆ ಬಿರುಕಿದ್ದರೆ ಶರಣರು ಯಾರನ್ನೂ ಬಿಟ್ಟವರಲ್ಲ. ಈ ಅಳತೆಯು ಸಿದ್ಧಲಿಂಗಯ್ಯನವರಿಗೂ ಸಲ್ಲುವುದು. ಆದರೆ ಅಳೆಯುವ ಕೋಲು ಮೊದಲು ಅವರ ಸಂಗಡಿಗರ ಕೈಯಲ್ಲಿರತಕ್ಕದ್ದು. ಕವಿಯು ಮುಂದೆ ಏನಾದರೂ ಆಗಲಿ, ಮಂಚನಬೆಲೆಯ ಹೊಲದಲ್ಲಿ ಬಾಲಕನು ಕಂಡದ್ದು ಅದರಿಂದ ಸುಳ್ಳಾಗುವುದಿಲ್ಲ.

ಕೆಂಗೇರಿಯತ್ತ ಮೈಸೂರು ರಸ್ತೆಯಲ್ಲಿ ಸಾಗುವಾಗ ಬಲಗಡೆಗೆ ಬೆಂಗಳೂರು ವಿಶ್ವವಿದ್ಯಾಲಯದ ಜ್ಞಾನಭಾರತಿಯಿದೆ. ಸಿದ್ಧಲಿಂಗಯ್ಯನವರು ಬಹುಕಾಲ ಅಲ್ಲಿ ಕನ್ನಡದ ಅಧ್ಯಾಪಕರಾಗಿದ್ದರು. ಗ್ರಾಮದೇವತೆಗಳನ್ನು ಕುರಿತು ಪ್ರೌಢಪ್ರಬಂಧವನ್ನು ಬರೆದರು. ಕೇರಿಯ ಜನರು ಮಾರಿ, ಮಸಣಿಯರನ್ನು ಭಯದಿಂದಲ್ಲದೆ ಸಲಿಗೆಯಿಂದ ಬೈದು, ಜಗಳವಾಡಿ, ಒಲಿಸಿಕೊಳ್ಳುವ ಬಗೆಯನ್ನು ಅವರು ಬಲ್ಲವರಾಗಿದ್ದರು. 2021ರ ಜೂನ್ 11ರಂದು ಕೋವಿಡ್ ರೋಗದಿಂದ ತೀರಿಕೊಂಡರು. ಮರುವರ್ಷ ಪದ್ಮಶ್ರೀ ಪ್ರಶಸ್ತಿಯು ಮರಣೋತ್ತರವಾಗಿ ಬಂದಿತು. ಅವರ ಪದ್ಯಗಳು ಪಠ್ಯಗಳಾಗಿವೆ. ಕೇರಿಯ ಮಕ್ಕಳೂ ಊರಿನ ಮಕ್ಕಳೂ ಒಂದೇ ತರಗತಿಯಲ್ಲಿ, ಒಂದೇ ಮಣೆಯ ಮೇಲೆ ಕುಳಿತು ಅವನ್ನು ಓದಬೇಕಾಗಿದೆ. ಅಂಥ ಪಾಠವಾದ ದಿನ ಮನೆಗೆ ಬಂದ ಮಗುವು, ತಾತ, ಎತ್ತುಗಳ ಬದಲಿಗೆ ಮನುಷ್ಯರನ್ನು ಕಟ್ಟುತ್ತಿದ್ದರಂತೆ, ನೀವು ನೋಡಿದ್ದೀರಾ, ಎಂದು ಕೇಳಿದರೆ, ವಿಭೂತಿ ಧರಿಸಿ ಜಗಲಿಯ ಮೇಲೆ ಕುಳಿತಿರುವ ಹಿರಿಯರು ಹೇಳಬೇಕಾದ ಉತ್ತರವು ಯಾವ ಪುಸ್ತಕದಲ್ಲಿಯೂ ಇಲ್ಲ. ಅದು ಅವರ ನೆನಪಿನಲ್ಲಿಯೇ ಇದೆ.